ಟಿವಿ ಶೋಗೆ ಹೊರಟಿದ್ದೀರಾ? ಪರದೆ ಮೇಲೆ ಬರುವುದು ನಿಮ್ಮದೇ ಹೆಸರು

ಧಾರಾವಾಹಿಯಲ್ಲಿ ಕೆಟ್ಟ ಅತ್ತೆಯ ಪಾತ್ರ ಮಾಡಿದವರನ್ನು ಜನ ಬೈದರೆ, ಆ ಬೈಗುಳ ಪಾತ್ರಕ್ಕೆ ಸೇರುತ್ತದೆ. ಕ್ವಿಜ್‌ಗೆ ಹೋದವರಿಗೆ, ಹಾಡಿನ ಸ್ಪರ್ಧೆಗೆ ಹೋದವರಿಗೆ, ಬಿಗ್‌ಬಾಸ್ ಮನೆಗೆ ಹೋದವರಿಗೆ ಹಾಗಲ್ಲ. ಹೆಸರು ಅವರದೇ, ಊರು ಅವರದೇ, ತೋರಿಸುವ ಮನೆಯೂ ಅವರದೇ. ಆದರೆ ಪರದೆ ಮೇಲೆ ಕಾಣುವುದು ಪೂರ್ತಿ ಅವರಲ್ಲ. ಗಂಟೆಗಟ್ಟಲೆ ಶೂಟ್ ಮಾಡಿದ್ದರಲ್ಲಿ ಇನ್ನೊಬ್ಬರು ಆರಿಸಿ ಜೋಡಿಸಿದ ಕೆಲವು ನಿಮಿಷಗಳು ಅಷ್ಟೇ.

ಹಾಗಂತ ಹೋಗಬೇಡಿ ಎಂದು ಹೇಳುತ್ತಿಲ್ಲ. ಹಾವೇರಿ ಜಿಲ್ಲೆಯ ಕುರಿಗಾಹಿ ಹನುಮಂತ ಲಮಾಣಿ ಸರಿಗಮಪ ವೇದಿಕೆಯಲ್ಲಿ ಹಾಡಿ ಮನೆಮಾತಾದರು. ಮುಂದೆ 2025ರ ಜನವರಿಯಲ್ಲಿ ಬಿಗ್‌ಬಾಸ್ ಕನ್ನಡದ 11ನೇ ಸೀಸನ್ ಗೆದ್ದರು. ಟಿವಿ ಇಲ್ಲದಿದ್ದರೆ ನಾಡಿನ ಇನ್ನೊಂದು ಮೂಲೆಯವರಿಗೆ ಅವರ ದನಿ ಕೇಳಿಸುತ್ತಲೇ ಇರಲಿಲ್ಲ. ಹೋಗಿ, ಖಂಡಿತ ಹೋಗಿ. ಆದರೆ ಏನನ್ನು ಕ್ಯಾಮೆರಾ ಮುಂದೆ ಇಡುತ್ತೀರಿ, ಏನನ್ನು ಮನೆಯಲ್ಲೇ ಬಿಟ್ಟು ಹೋಗುತ್ತೀರಿ ಅನ್ನುವುದನ್ನು ಬಸ್ ಹತ್ತುವ ಮೊದಲೇ ತೀರ್ಮಾನ ಮಾಡಿಕೊಳ್ಳಿ. ಅದಕ್ಕೆ ನೆರವಾಗಲಿ ಎಂದೇ ಇದನ್ನು ಬರೆಯುತ್ತಿದ್ದೇನೆ.

ಶೋ ನಿಮ್ಮಿಂದ ಏನು ಕೇಳುತ್ತದೆ ನೋಡಿಕೊಳ್ಳಿ

ಎಲ್ಲ ಶೋಗಳೂ ಒಂದೇ ಥರ ಅಲ್ಲ. ಚಂದನ ವಾಹಿನಿಯ ‘ಥಟ್ ಅಂತ ಹೇಳಿ’ 2002ರಿಂದ ಬರುತ್ತಿದೆ. ಡಾ. ನಾ. ಸೋಮೇಶ್ವರ ಅವರು ಪ್ರಶ್ನೆ ಕೇಳುತ್ತಾರೆ, ಸರಿ ಉತ್ತರಕ್ಕೆ ಪುಸ್ತಕ ಕೊಡುತ್ತಾರೆ. ಅಲ್ಲಿ ನಿಮ್ಮಿಂದ ಬೇಕಿರುವುದು ಓದು ಮತ್ತು ಚುರುಕು. ನಿಮ್ಮ ಮನೆಯ ಸಾಲ ಎಷ್ಟು ಅಂತ ಯಾರಿಗೂ ಬೇಕಿಲ್ಲ. ಮೊದಲ ಸಲ ಕ್ಯಾಮೆರಾ ಎದುರಿಸುವವರಿಗೆ ಇಂಥ ಕಾರ್ಯಕ್ರಮವೇ ಒಳ್ಳೆಯದು ಎಂಬುದು ನನ್ನ ಗಟ್ಟಿ ಅಭಿಪ್ರಾಯ.

‘ಕನ್ನಡದ ಕೋಟ್ಯಧಿಪತಿ’ಯೂ ಕ್ವಿಜ್ಜೇ. 2012ರಲ್ಲಿ ಪುನೀತ್ ರಾಜ್‌ಕುಮಾರ್ ಅವರ ನಿರೂಪಣೆಯಲ್ಲಿ ಶುರುವಾದ ಈ ಶೋ ಉತ್ತರದ ಜೊತೆಗೆ ಕಥೆಯನ್ನೂ ಕೇಳುತ್ತಿತ್ತು. ಹಾಟ್ ಸೀಟ್‌ನಲ್ಲಿ ಕೂತವರ ಊರು, ಕಷ್ಟ, ಕನಸು ಎಲ್ಲ ಬರುತ್ತಿತ್ತು. ಹಾಡು, ಕುಣಿತದ ಸ್ಪರ್ಧೆಗಳಲ್ಲಿ ಪ್ರತಿಭೆ ಅರ್ಧ, ಕಥೆ ಇನ್ನರ್ಧ. ಇನ್ನು ಬಿಗ್‌ಬಾಸ್. ಅಲ್ಲಿ 24 ಗಂಟೆ ಕ್ಯಾಮೆರಾ ಇರುತ್ತದೆ, ಎಪಿಸೋಡ್ ಆಗುವುದು ಒಂದೂವರೆ ಗಂಟೆಯಷ್ಟು. ಉಳಿದದ್ದು ಯಾರ ಕಣ್ಣಿಗೂ ಬೀಳುವುದಿಲ್ಲ. ನೀವು ಹಗಲಿಡೀ ಎಲ್ಲರಿಗೂ ಅಡುಗೆ ಮಾಡಿ ಬಡಿಸಿ, ಸಂಜೆ ಎರಡು ನಿಮಿಷ ಕೂಗಾಡಿದರೆ ಆ ಎರಡು ನಿಮಿಷವೇ ಪ್ರೋಮೋ ಆಗುತ್ತದೆ.

ಇನ್ನೊಂದು ಬಗೆಯನ್ನು ಜನ ಮರೆಯುತ್ತಾರೆ. ಸ್ಪರ್ಧೆ ಏನೂ ಇರುವುದಿಲ್ಲ, ಬೇರೊಬ್ಬರ ಸಲುವಾಗಿ ನಿಮ್ಮನ್ನು ಕರೆಯುತ್ತಾರೆ. 2014ರಲ್ಲಿ ಶುರುವಾದ ‘ವೀಕೆಂಡ್ ವಿತ್ ರಮೇಶ್’ನಲ್ಲಿ ಸಾಧಕರ ಕುರ್ಚಿಯಲ್ಲಿ ಕೂತವರ ಹಳೆಯ ಮೇಷ್ಟ್ರು, ಬಾಲ್ಯದ ಗೆಳೆಯರು, ಅಕ್ಕತಂಗಿಯರು ಬಂದು ಮಾತಾಡುವುದನ್ನು ನೋಡಿದ್ದೀರಲ್ವಾ? ಹಾಗೆ ಕರೆ ಬಂದರೆ ಒಂದೇ ಒಂದು ನೆನಪನ್ನು ಆರಿಸಿಕೊಳ್ಳಿ. ಯಾವ ಜಾಗ, ಯಾವ ಹೊತ್ತು, ಅವರು ಏನು ಮಾಡಿದರು ಅಂತ ಹೇಳಿ. “ಅವನು ಚಿಕ್ಕಂದಿನಿಂದಲೂ ತುಂಬಾ ಒಳ್ಳೆಯವನು” ಅನ್ನುವ ಮಾತು ಎಡಿಟಿಂಗ್‌ನಲ್ಲಿ ಹೋಗಿಬಿಡುತ್ತದೆ. “ಮಳೆಗಾಲದಲ್ಲಿ ಹೊಳೆ ದಾಟಿ ಬರೋನು, ಪುಸ್ತಕ ಮಾತ್ರ ಒದ್ದೆ ಮಾಡ್ತಿರಲಿಲ್ಲ” ಅಂದರೆ ಉಳಿಯುತ್ತದೆ.

ಯಾವ ಶೋ ಆದರೂ ಸರಿ, ಹಳೆಯ ಎಪಿಸೋಡ್‌ಗಳನ್ನು ಕೂತು ನೋಡಿ. ಗೆದ್ದವರನ್ನು ನೋಡುವುದಕ್ಕಿಂತ ಬೇಗ ಸೋತು ಹೊರಬಂದವರನ್ನು ನೋಡಿ. ಅವರನ್ನು ಹೇಗೆ ಕಳಿಸಿಕೊಟ್ಟರು? ಗೌರವದಿಂದಲೋ, ನಗೆಪಾಟಲು ಮಾಡಿಯೋ? ನಿಮಗೂ ಅದೇ ಆಗಬಹುದು. ಅದು ನಿಮಗೆ ಒಪ್ಪಿಗೆಯೇ ಅಂತ ಕೇಳಿಕೊಂಡು ಆಮೇಲೆ ಹೆಸರು ಕೊಡಿ.

ಆಡಿಷನ್‌ಗೆ ದುಡ್ಡು ಕೇಳಿದರೆ ಅಲ್ಲಿಗೇ ನಿಲ್ಲಿಸಿ

ಆಡಿಷನ್ ಎಲ್ಲಿ, ಯಾವಾಗ ಅನ್ನುವುದನ್ನು ಚಾನೆಲ್ ತನ್ನ ಪರದೆಯಲ್ಲಿ ಮತ್ತು ತನ್ನದೇ ಅಧಿಕೃತ ಪುಟಗಳಲ್ಲಿ ಹೇಳುತ್ತದೆ. ವಾಟ್ಸಾಪ್‌ನಲ್ಲಿ ಓಡಾಡುವ ಪೋಸ್ಟರ್ ನಂಬಬೇಡಿ. “ನೇರವಾಗಿ ಎರಡನೇ ಸುತ್ತಿಗೆ ಹಾಕಿಸುತ್ತೇನೆ, ಇಷ್ಟು ಕಳಿಸಿ” ಅನ್ನುವವರು ಮೋಸಗಾರರು. ‘ಕೌನ್ ಬನೇಗಾ ಕರೋಡ್‌ಪತಿ’ (ಕೆಬಿಸಿ) ಎಂಬ ಹಿಂದಿ ಕ್ವಿಜ್ ಶೋ ಹೆಸರಿನಲ್ಲಿ “ನಿಮಗೆ 25 ಲಕ್ಷದ ಲಾಟರಿ ಹೊಡೆದಿದೆ” ಎಂದು ಬರುವ ಮೆಸೇಜು ವರ್ಷಗಳಿಂದ ಜನರ ಜೇಬು ಖಾಲಿ ಮಾಡುತ್ತಿದೆ. ದುಡ್ಡು ಹೋಗಿದ್ದರೆ ಒಂದು ಕ್ಷಣವೂ ತಡ ಮಾಡದೆ 1930ಕ್ಕೆ ಫೋನ್ ಮಾಡಿ. ಸೈಬರ್ ವಂಚನೆಗೆಂದೇ ಇರುವ ಸಹಾಯವಾಣಿ ಅದು. ಬೇಗ ತಿಳಿಸಿದರೆ ಹಣವನ್ನು ಮಧ್ಯದಲ್ಲೇ ತಡೆಹಿಡಿಯುವ ಸಾಧ್ಯತೆ ಜಾಸ್ತಿ.

ಆಡಿಷನ್‌ಗೆ ಬೆಳಿಗ್ಗೆ ಹೋದರೆ ಸರದಿ ಬರುವುದು ಸಂಜೆಗೆ ಇರಬಹುದು. ನೀರು, ತಿಂಡಿ, ಚಾರ್ಜರ್ ಇಟ್ಟುಕೊಳ್ಳಿ. ಒಳಗೆ ಸಿಗುವುದು ಕೆಲವೇ ನಿಮಿಷ. ಹಾಡುವವರಾದರೆ ಪಲ್ಲವಿಯಿಂದಲೇ ಶುರು ಮಾಡಬೇಕೆಂದೇನಿಲ್ಲ. ನಿಮ್ಮ ದನಿ ಚೆನ್ನಾಗಿ ಏಳುವ ಜಾಗದಿಂದ ಹಿಡಿದುಕೊಳ್ಳಿ.

ಸಹಿ ಹಾಕುವ ಮೊದಲು

ಆಯ್ಕೆಯಾದ ಖುಷಿಯಲ್ಲಿ ಕಾಗದ ಕೊಡುತ್ತಾರೆ. ಬಹಳ ಸಲ ಅದು ಇಂಗ್ಲಿಷಿನಲ್ಲಿರುತ್ತದೆ, ಪುಟಗಳೂ ಜಾಸ್ತಿ. ಹಿಂದೆ ಸಾಲು ನಿಂತಿರುತ್ತದೆ, “ಬೇಗ ಹಾಕಿ ಸರ್, ಎಲ್ಲರೂ ಹಾಕಿದ್ದಾರೆ” ಅನ್ನುತ್ತಾರೆ. ಅಲ್ಲೇ ನಿಂತು ಸಹಿ ಹಾಕಬೇಡಿ. “ಮನೆಗೆ ತಗೊಂಡು ಹೋಗಿ ಓದ್ತೀನಿ, ನಾಳೆ ಕೊಡ್ತೀನಿ” ಅನ್ನಿ. ಆಗಲ್ಲ ಅಂದರೆ ಕನಿಷ್ಠ ಪ್ರತಿ ಪುಟದ ಫೋಟೋ ತೆಗೆದು ಪರಿಚಯದ ವಕೀಲರಿಗೆ ಕಳಿಸಿ, ಅರ್ಧ ಗಂಟೆ ಕಾಯಿರಿ. ಊರಲ್ಲಿ ವಕೀಲರ ಪರಿಚಯ ಇಲ್ಲದಿದ್ದರೆ ಇಂಗ್ಲಿಷ್ ಚೆನ್ನಾಗಿ ಬಲ್ಲ ಮೇಷ್ಟ್ರೂ ಆದಾರು.

ಅದರಲ್ಲಿ ಮುಖ್ಯವಾಗಿ ಹುಡುಕಬೇಕಾದ ವಿಷಯಗಳಿವೆ. ಶೂಟ್ ಮಾಡಿದ್ದನ್ನು ಹೇಗೆ ಬೇಕಾದರೂ ಕತ್ತರಿಸಿ, ಎಲ್ಲಿ ಬೇಕಾದರೂ, ಎಷ್ಟು ಕಾಲ ಬೇಕಾದರೂ ತೋರಿಸುವ ಹಕ್ಕು ಅವರಿಗೆ ಎಂದು ಸಾಮಾನ್ಯವಾಗಿ ಇದ್ದೇ ಇರುತ್ತದೆ. ಅದನ್ನು ತೆಗೆಸುವುದು ಕಷ್ಟ. ಆದರೆ “ನಿಮ್ಮ ಜೀವನ ಕಥೆಯ ಹಕ್ಕು” ಎಂದೂ ಸೇರಿಸಿದ್ದಾರಾ ನೋಡಿ. ಎಷ್ಟು ತಿಂಗಳು ಬೇರೆ ಚಾನೆಲ್‌ಗೆ ಹೋಗುವಂತಿಲ್ಲ, ಹೊರಗೆ ಕಾರ್ಯಕ್ರಮ ಕೊಟ್ಟರೆ ಅದರಲ್ಲಿ ಅವರಿಗೆ ಪಾಲು ಇದೆಯಾ ಎಂದು ನೋಡಿ. ಆರ್ಕೆಸ್ಟ್ರಾದಲ್ಲಿ ಹಾಡಿ ಬದುಕುವ ಹುಡುಗನಿಗೆ ಈ ಒಂದು ಸಾಲು ವರ್ಷದ ದುಡಿಮೆಯ ಪ್ರಶ್ನೆ. ಮಧ್ಯದಲ್ಲಿ ಬಿಟ್ಟು ಬಂದರೆ ದಂಡ ಎಷ್ಟು? ಪ್ರಸಾರಕ್ಕೆ ಮೊದಲು ಫಲಿತಾಂಶ ಬಾಯಿಬಿಟ್ಟರೆ ದಂಡ ಎಷ್ಟು? ತಕರಾರು ಬಂದರೆ ಯಾವ ಊರಿನ ಕೋರ್ಟು? ಮುಂಬೈ ಎಂದಿದ್ದರೆ ರಾಯಚೂರಿನವರು ಅಲ್ಲಿಗೆ ಅಲೆಯಬೇಕು. ಪ್ರಯಾಣ, ಊಟ, ವಸತಿ ಯಾರದ್ದು, ಬಹುಮಾನ ಎಷ್ಟು ದಿನದೊಳಗೆ ಕೊಡುತ್ತಾರೆ ಎಂಬುದೂ ಬರಹದಲ್ಲಿರಲಿ. ಬಾಯಿಮಾತಿನಲ್ಲಿ ಒಪ್ಪಿದ್ದನ್ನು ಅದೇ ದಿನ ವಾಟ್ಸಾಪ್‌ನಲ್ಲಿ ಬರೆದು ಕಳಿಸಿ, “ಸರಿ” ಎಂಬ ಉತ್ತರ ತರಿಸಿಕೊಳ್ಳಿ. ಸಹಿ ಹಾಕಿದ ಪ್ರತಿ ನಿಮ್ಮ ಬಳಿಯೂ ಇರಬೇಕು.

ಕೆಲಸದಲ್ಲಿರುವವರು ರಜೆಯ ಜೊತೆಗೆ ಅನುಮತಿಯನ್ನೂ ಬರಹದಲ್ಲಿ ಪಡೆಯಿರಿ. ಸರ್ಕಾರಿ ನೌಕರರಂತೂ ಇಲಾಖೆಯನ್ನು ಕೇಳದೆ ಹೊರಡಲೇಬೇಡಿ.

ನಿಮ್ಮ ಕಥೆಯಲ್ಲಿ ಬೇರೆಯವರೂ ಇದ್ದಾರೆ

ನನಗೆ ಎಲ್ಲಕ್ಕಿಂತ ಮುಖ್ಯ ಅನಿಸುವುದು ಈ ಭಾಗ. ಸ್ವಲ್ಪ ನಿಧಾನವಾಗಿ ಓದಿ.

ಶೋ ಶುರುವಾಗುವ ಮೊದಲು ನಿಮ್ಮ ಊರಿಗೆ ಒಂದು ತಂಡ ಬರುತ್ತದೆ. ನಿಮ್ಮನ್ನು ಪರಿಚಯಿಸುವ ಎರಡು ಮೂರು ನಿಮಿಷದ ತುಣುಕಿಗೆ ಶೂಟಿಂಗ್. ಇದನ್ನು ಅವರು ವಿಟಿ ಅನ್ನುತ್ತಾರೆ. ನೀವು ಗದ್ದೆ ಬದುವಿನಲ್ಲಿ ನಡೆಯುವುದು, ಅಮ್ಮ ಒಲೆ ಮುಂದೆ ಕೂತಿರುವುದು, ಸೋರುವ ಹೆಂಚು. ಆಮೇಲೆ ಕೂರಿಸಿಕೊಂಡು ಪ್ರಶ್ನೆ ಕೇಳುತ್ತಾರೆ. ಕೇಳುವ ಹುಡುಗ ಹುಡುಗಿಯರು ಬಹಳ ಸಲ ಒಳ್ಳೆಯವರೇ, ನಯವಾಗಿಯೇ ಮಾತಾಡುತ್ತಾರೆ. ಆದರೆ ಅವರ ಕೆಲಸ ಕಣ್ಣೀರು ತರುವ ಒಂದು ಮಾತನ್ನು ನಿಮ್ಮಿಂದ ಹೊರಡಿಸುವುದು. “ಅಪ್ಪ ಹೋದ ದಿನ ಏನಾಯ್ತು?” “ಆಗ ನೆಂಟರು ಯಾರೂ ಸಹಾಯ ಮಾಡಲಿಲ್ವಾ?” ಒಂದು ಗಂಟೆ ಮಾತಾಡಿದ ಮೇಲೆ ಮನಸ್ಸು ಸಡಿಲವಾಗಿರುತ್ತದೆ. ಯಾರ ಮುಂದೆಯೂ ಹೇಳದ್ದನ್ನು ಹೇಳಿಬಿಡುತ್ತೀರಿ.

ಆದ್ದರಿಂದ ತಂಡ ಬರುವ ಹಿಂದಿನ ದಿನ ಮನೆಯವರೆಲ್ಲ ಒಟ್ಟಿಗೆ ಕೂತುಕೊಳ್ಳಿ. ಒಂದು ಹಾಳೆ ತೆಗೆದುಕೊಂಡು ಹೇಳಬಹುದಾದ್ದನ್ನು ಒಂದು ಕಡೆ, ಹೇಳಬಾರದ್ದನ್ನು ಇನ್ನೊಂದು ಕಡೆ ಬರೆಯಿರಿ. ಅಪ್ಪನ ಕುಡಿತದ ವಿಷಯ ನಿಮ್ಮೊಬ್ಬರದಲ್ಲ, ಅಮ್ಮನದ್ದೂ ಹೌದು. ಅಕ್ಕನ ಮದುವೆ ಮುರಿದದ್ದು ಅಕ್ಕನದ್ದು. ತಮ್ಮನ ಕಾಯಿಲೆ ತಮ್ಮನದ್ದು. ಅವರು ಬೇಡ ಅಂದರೆ ಬೇಡ. ಶೋ ಮುಗಿದ ಮೇಲೆ ನೀವು ಬೆಂಗಳೂರಿನಲ್ಲಿ ಉಳಿದುಕೊಂಡುಬಿಡಬಹುದು. ಅವರು ಅದೇ ಊರಿನ ಅದೇ ಬೀದಿಯಲ್ಲಿ ಮುಖ ಎತ್ತಿಕೊಂಡು ಓಡಾಡಬೇಕು.

ಕಷ್ಟ ಹೇಳಿಕೊಳ್ಳುವುದೇ ತಪ್ಪು ಅಂತಲ್ಲ. ಹೇಳಬೇಕು ಅನಿಸಿದರೆ ನಿಮ್ಮ ದುಡಿಮೆಯ ಕಡೆಯಿಂದ ಹೇಳಿ. “ನಮ್ಮ ಮನೇಲಿ ಊಟಕ್ಕೇ ಇರಲಿಲ್ಲ” ಅನ್ನುವ ಬದಲು “ಬೆಳಿಗ್ಗೆ ಪೇಪರ್ ಹಾಕಿ, ಆಮೇಲೆ ಕಾಲೇಜಿಗೆ ಹೋಗ್ತಿದ್ದೆ” ಅನ್ನಿ. ಎರಡರಲ್ಲೂ ಬಡತನ ಗೊತ್ತಾಗುತ್ತದೆ. ಎರಡನೆಯದರಲ್ಲಿ ನೀವು ಏನು ಮಾಡಿದಿರಿ ಅನ್ನುವುದೂ ಕಾಣುತ್ತದೆ, ಮನೆಯವರ ಮರ್ಯಾದೆಯೂ ಉಳಿಯುತ್ತದೆ. ಬಿಗ್‌ಬಾಸ್ 6ನೇ ಸೀಸನ್ ಗೆದ್ದ ಶಶಿಕುಮಾರ್ ತಮ್ಮನ್ನು ಕೃಷಿಕ ಎಂದೇ ಪರಿಚಯಿಸಿಕೊಂಡರು. ಅದು ಅವರ ಕೆಲಸ, ಅದೇ ಅವರ ಗುರುತಾಯಿತು.

ಬೇಡದ ಪ್ರಶ್ನೆ ಬಂದಾಗ ಏನು ಮಾಡಬೇಕು? “ಅದನ್ನ ಇಲ್ಲಿ ಹೇಳಲ್ಲ ಮೇಡಂ, ಬೇರೆ ಕೇಳಿ” ಅಂತ ನೇರವಾಗಿ ಹೇಳಿ. ಒಮ್ಮೆ ಹೇಳಿದರೆ ಸಾಲದು, ಬೇರೆ ರೀತಿಯಲ್ಲಿ ಮತ್ತೆ ಕೇಳುತ್ತಾರೆ. ಪ್ರತಿ ಸಲವೂ ಅದೇ ಉತ್ತರ ಕೊಡಿ. “ಹೇಳ್ತೀನಿ, ಆದ್ರೆ ಹಾಕಬೇಡಿ” ಎಂಬ ಷರತ್ತು ಕೆಲಸಕ್ಕೆ ಬಾರದು. ಇವತ್ತು ಎದುರು ಕೂತವರು ಒಪ್ಪಿದರೂ ಎಡಿಟಿಂಗ್ ಮಾಡುವವರು ಬೇರೆ. ಶೂಟ್ ಆದ ಮೇಲೆ ಅದು ಅವರದ್ದು.

ಇನ್ನೊಂದು ಎಚ್ಚರ. ಪ್ರಶ್ನೆಯಲ್ಲಿರುವ ಪದವನ್ನು ನಿಮ್ಮ ಬಾಯಿಂದ ಹೇಳಬೇಡಿ. “ನಿಮಗೆ ಅವರ ಮೇಲೆ ಹೊಟ್ಟೆಕಿಚ್ಚಾ?” ಎಂದರೆ “ನನಗೆ ಹೊಟ್ಟೆಕಿಚ್ಚಾ? ಛೆ, ಇಲ್ಲಪ್ಪ” ಅಂದುಬಿಡುತ್ತೇವೆ. ಅದರಲ್ಲಿ ಮೊದಲ ಎರಡು ಪದವನ್ನಷ್ಟೇ ಉಳಿಸಿಕೊಂಡರೆ ಏನಾಗುತ್ತದೆ ಯೋಚಿಸಿ. “ಅವರು ಚೆನ್ನಾಗಿ ಹಾಡಿದ್ರು, ನಾನು ಇನ್ನೂ ಕಲೀಬೇಕು” ಎಂದು ನಿಮ್ಮದೇ ಪೂರ್ತಿ ವಾಕ್ಯ ಹೇಳಿ ನಿಲ್ಲಿಸಿ. ವಾಕ್ಯ ಚಿಕ್ಕದಾದಷ್ಟೂ ಮಧ್ಯದಲ್ಲಿ ಕತ್ತರಿ ಹಾಕುವುದು ಕಷ್ಟ.

ಭಾಷೆಯ ಮಾತು ಬಂತು, ಹೇಳಿಬಿಡುತ್ತೇನೆ. ಕುಂದಾಪುರದವರು ಕುಂದಾಪುರದ ಕನ್ನಡದಲ್ಲೇ, ಧಾರವಾಡದವರು ಧಾರವಾಡದ ಕನ್ನಡದಲ್ಲೇ ಮಾತಾಡಿ. ಬೆಂಗಳೂರಿನ ಮಾತು ತರಲು ಹೋದರೆ ನಾಲಿಗೆ ತೊಡರುತ್ತದೆ. ಆದರೆ “ಇನ್ನೂ ಸ್ವಲ್ಪ ಹಳ್ಳಿ ಥರ ಮಾತಾಡಿ” ಎಂದು ಯಾರಾದರೂ ಹೇಳಿಕೊಟ್ಟರೆ ಒಪ್ಪಬೇಡಿ. ಅಲ್ಲಿಂದ ಮುಂದೆ ನಗು ಬರುವುದು ನಿಮ್ಮ ಊರಿನ ಮೇಲೆ.

ಮಗುವನ್ನು ಕಳಿಸುವುದಾದರೆ

ಮಗು ಟಿವಿಯಲ್ಲಿ ಬಂದರೆ ಮನೆಯಲ್ಲಿ ಹಬ್ಬ, ನಿಜ. ಆದರೆ 14 ವರ್ಷದೊಳಗಿನ ಮಕ್ಕಳಿಗೆ ಕಾನೂನಿನ ರಕ್ಷಣೆ ಇದೆ ಎಂಬುದು ಬಹಳ ಅಪ್ಪ ಅಮ್ಮಂದಿರಿಗೆ ಗೊತ್ತಿಲ್ಲ. ಬಾಲಕಾರ್ಮಿಕ ಕಾಯ್ದೆಯ ನಿಯಮಗಳಿಗೆ 2017ರಲ್ಲಿ ತಿದ್ದುಪಡಿ ಆಯಿತು. ಅದರ ಪ್ರಕಾರ ಮಗುವನ್ನು ದಿನಕ್ಕೆ 5 ಗಂಟೆಗಿಂತ ಹೆಚ್ಚು ದುಡಿಸುವಂತಿಲ್ಲ, ವಿಶ್ರಾಂತಿ ಇಲ್ಲದೆ 3 ಗಂಟೆ ದಾಟುವಂತಿಲ್ಲ. ಸತತವಾಗಿ 27 ದಿನಕ್ಕಿಂತ ಹೆಚ್ಚು ಶೂಟಿಂಗ್ ಇರಬಾರದು. ನಿರ್ಮಾಪಕರು ಜಿಲ್ಲಾ ಮ್ಯಾಜಿಸ್ಟ್ರೇಟರಿಂದ ಅನುಮತಿ ಪಡೆದಿರಬೇಕು. ಪ್ರತಿ 5 ಮಕ್ಕಳಿಗೆ ಒಬ್ಬ ಜವಾಬ್ದಾರಿ ಹೊತ್ತವರಿರಬೇಕು. ಮಗುವಿನ ಸಂಪಾದನೆಯ ಕನಿಷ್ಠ 20% ಅದರದೇ ಹೆಸರಲ್ಲಿ ರಾಷ್ಟ್ರೀಕೃತ ಬ್ಯಾಂಕಿನಲ್ಲಿ ಠೇವಣಿ ಆಗಬೇಕು. ಮಗುವಿಗೆ ಇಷ್ಟವಿಲ್ಲದಿದ್ದರೆ ಮಾಡಿಸುವಂತೆಯೇ ಇಲ್ಲ.

ಅನುಮತಿಯ ಪ್ರತಿ ತೋರಿಸಿ ಎಂದು ಕೇಳಿ. ಕೇಳಿದರೆ ಅವಕಾಶ ತಪ್ಪುತ್ತದೆ ಅಂತ ಹೆದರಬೇಡಿ. ಸರಿಯಾಗಿ ನಡೆಸುವ ತಂಡದ ಬಳಿ ಅದು ಇರುತ್ತದೆ. 2019ರ ಜೂನ್‌ನಲ್ಲಿ ಕೇಂದ್ರ ವಾರ್ತಾ ಮತ್ತು ಪ್ರಸಾರ ಸಚಿವಾಲಯ, ಡ್ಯಾನ್ಸ್ ಶೋಗಳಲ್ಲಿ ಮಕ್ಕಳನ್ನು ವಯಸ್ಸಿಗೆ ಹೊಂದದ ರೀತಿಯಲ್ಲಿ ಕುಣಿಸಬೇಡಿ ಎಂದು ಎಲ್ಲ ಖಾಸಗಿ ಚಾನೆಲ್‌ಗಳಿಗೆ ಸೂಚನೆ ಕೊಟ್ಟಿತು. ಹಾಡು, ಬಟ್ಟೆ, ಹೆಜ್ಜೆ ಯಾವುದಾದರೂ ಸರಿ ಕಾಣದಿದ್ದರೆ ರಿಹರ್ಸಲ್‌ನಲ್ಲೇ ಬೇಡ ಅನ್ನಿ. ವೇದಿಕೆ ಮೇಲೆ ಮಗು ಅತ್ತರೆ ಕ್ಯಾಮೆರಾ ಹತ್ತಿರ ಬರುತ್ತದೆ. ಆಗ ಓಡಿಹೋಗಿ ಎತ್ತಿಕೊಳ್ಳಿ, ಶೂಟಿಂಗ್ ಕೆಟ್ಟರೆ ಕೆಡಲಿ.

ಶೂಟಿಂಗ್ ದಿನ

ಬಟ್ಟೆ ಎರಡು ಮೂರು ಜೊತೆ ಇರಲಿ. ಒಂದೇ ದಿನ ಎರಡು ಮೂರು ಎಪಿಸೋಡ್ ಶೂಟ್ ಮಾಡುವುದುಂಟು. ಸಣ್ಣ ಗೆರೆ, ಸಣ್ಣ ಚೌಕಳಿ ಇರುವ ಬಟ್ಟೆ ಬೇಡ, ಪರದೆಯಲ್ಲಿ ಅಲೆಅಲೆಯಾಗಿ ಮಿನುಗುತ್ತದೆ. ಅಚ್ಚ ಬಿಳಿಯೂ ಬೇಡ. ಹಿಂದೆ ಹಸಿರು ಪರದೆ ಇಡುತ್ತಾರಾ ಕೇಳಿಕೊಳ್ಳಿ. ಇದ್ದರೆ ಹಸಿರು ಬಟ್ಟೆ ಹಾಕಬೇಡಿ, ನಿಮ್ಮ ಮೈ ಮಾಯವಾಗಿ ತಲೆ ಮಾತ್ರ ಕಾಣುತ್ತದೆ. ಕಂಪನಿಯ ಹೆಸರು ಬರೆದ ಟೀ ಶರ್ಟ್ ಇದ್ದರೆ ಬದಲಾಯಿಸಿ ಎನ್ನುತ್ತಾರೆ. ಕಾಲರ್ ಮೈಕ್ ಸಿಕ್ಕಿಸಲು ಕುತ್ತಿಗೆಯ ಹತ್ತಿರ ಜಾಗ ಬೇಕು. ಗಾಜಿನ ಬಳೆ, ಉದ್ದ ಸರ ಮೈಕ್‌ಗೆ ತಾಗಿ ಸದ್ದು ಮಾಡುತ್ತವೆ. ಸ್ಟುಡಿಯೋ ಒಳಗೆ ಎಸಿ ಜೋರು, ಒಂದು ಶಾಲು ಇಟ್ಟುಕೊಳ್ಳಿ. ದಿನವೂ ಮಾತ್ರೆ ತೆಗೆದುಕೊಳ್ಳುವವರು ಅದನ್ನು ಮರೆಯಬೇಡಿ, ಊಟದ ಹೊತ್ತು ಹೆಚ್ಚುಕಡಿಮೆ ಆಗಿಯೇ ಆಗುತ್ತದೆ.

ಮೈಕ್ ಹಾಕಿದ ಮೇಲೆ ನೆನಪಿಡಬೇಕಾದದ್ದು ಒಂದೇ. ಅದು ಕೇಳುತ್ತಲೇ ಇರುತ್ತದೆ. ಬ್ರೇಕ್‌ನಲ್ಲಿ ಪಕ್ಕದವರ ಬಗ್ಗೆ ಪಿಸುಗುಟ್ಟಿದ್ದೂ ಹೋಗುತ್ತದೆ, ಮನೆಗೆ ಫೋನ್ ಮಾಡಿದ್ದೂ ಹೋಗುತ್ತದೆ. ಬಾತ್‌ರೂಮಿಗೆ ಹೋಗುವಾಗ ಸೌಂಡ್ ವಿಭಾಗದವರನ್ನು ಕರೆದು ಬಿಚ್ಚಿಸಿಕೊಳ್ಳಿ, ಸಂಕೋಚ ಬೇಡ.

ನಿರೂಪಕರನ್ನು ನೋಡಿ ಮಾತಾಡಿ. ಫ್ಲೋರ್ ಮ್ಯಾನೇಜರ್ ಹೇಳದ ಹೊರತು ಕ್ಯಾಮೆರಾ ಕಡೆ ತಿರುಗಬೇಡಿ. ಚಪ್ಪಾಳೆ, ನಗು, ಬೆರಗು ಇವನ್ನೆಲ್ಲ ಪ್ರತ್ಯೇಕವಾಗಿಯೂ ಶೂಟ್ ಮಾಡಿಕೊಳ್ಳುತ್ತಾರೆ. ನೀವು ಬೇಸರದಿಂದ ಮುಖ ಸಿಂಡರಿಸಿದ ಒಂದು ಕ್ಷಣ ಬೇರೆಯವರ ಹಾಡಿನ ನಡುವೆ ಬಂದು ಕೂರಬಹುದು. ಸುಸ್ತಾದಾಗ ತಲೆ ಬಗ್ಗಿಸಿ ಕೂತರೂ ಪರವಾಗಿಲ್ಲ, ಮುಖ ಗಂಟಿಕ್ಕಬೇಡಿ.

ಸುದ್ದಿ ಚಾನೆಲ್‌ನವರು ಚರ್ಚೆಗೆ ಕರೆದರೆ ಎರಡು ವಿಷಯ ಕೇಳಿ: ಜೊತೆಗೆ ಯಾರಿರುತ್ತಾರೆ, ಲೈವಾ ಅಥವಾ ರೆಕಾರ್ಡಾ. ಮನೆಯಿಂದ ಫೋನ್‌ನಲ್ಲಿ ಮಾತಾಡುವುದಾದರೆ ಕಿಟಕಿ ನಿಮ್ಮ ಎದುರಿಗಿರಲಿ, ಫೋನ್ ಅಡ್ಡಲಾಗಿ ಕಣ್ಣಿನ ಮಟ್ಟದಲ್ಲಿರಲಿ. ಹಿಂದಿನ ಗೋಡೆಯಲ್ಲಿ ಮಕ್ಕಳ ಫೋಟೋ ಇದ್ದರೆ ತೆಗೆದಿಡಿ.

ಪ್ರಸಾರಕ್ಕೆ ಮೊದಲು ಮಾಡಬೇಕಾದ ಕೆಲಸ

ಪ್ರೋಮೋ ಬಂದ ಗಂಟೆಯೊಳಗೆ ಜನ ನಿಮ್ಮ ಹೆಸರು ಹುಡುಕಲು ಶುರು ಮಾಡುತ್ತಾರೆ. ಅದಕ್ಕೂ ಮುಂಚೆ ಫೇಸ್‌ಬುಕ್, ಇನ್‌ಸ್ಟಾಗ್ರಾಂನಿಂದ ಫೋನ್ ನಂಬರ್, ಮನೆ ವಿಳಾಸ, ಮಕ್ಕಳ ಶಾಲೆಯ ಹೆಸರು ತೆಗೆದುಹಾಕಿ. ಹಳೆಯ ಪೋಸ್ಟ್‌ಗಳನ್ನು ಒಮ್ಮೆ ತಿರುವಿ ನೋಡಿ. ನಿಮ್ಮ ಹೆಸರಲ್ಲಿ ನಕಲಿ ಖಾತೆ ಹುಟ್ಟಿಕೊಳ್ಳಬಹುದು, ಆದ್ದರಿಂದ ನಿಜವಾದ ಖಾತೆ ಯಾವುದು ಎಂದು ಒಂದು ಪೋಸ್ಟ್ ಹಾಕಿಡಿ.

ಕಾಮೆಂಟ್‌ಗಳನ್ನು ಮೊದಲ ವಾರ ನೀವು ಓದಬೇಡಿ. ಗಟ್ಟಿ ಮನಸ್ಸಿನ ಒಬ್ಬ ಗೆಳತಿಗೋ ತಮ್ಮನಿಗೋ ಆ ಕೆಲಸ ಒಪ್ಪಿಸಿ. ಬೆದರಿಕೆ, ಅಶ್ಲೀಲ ಮಾತು ಇದ್ದರೆ ಅವರು ಸ್ಕ್ರೀನ್‌ಶಾಟ್ ತೆಗೆದಿಟ್ಟುಕೊಳ್ಳಲಿ, ಪೊಲೀಸರಿಗೆ ಅದೇ ಬೇಕಾಗುವುದು. ಉಳಿದದ್ದಕ್ಕೆ ಉತ್ತರ ಕೊಡಬೇಡಿ. ಶೋ ಮುಗಿದ ಮೇಲೆ ಕೆಲವರಿಗೆ ನಿದ್ದೆ ಬರುವುದಿಲ್ಲ, ಹೊರಗೆ ಹೋಗಲು ಅಳುಕಾಗುತ್ತದೆ. ಟೆಲಿಮಾನಸ್ ಎಂಬ ಸರ್ಕಾರಿ ಸಹಾಯವಾಣಿ 14416ರಲ್ಲಿ ಕನ್ನಡದಲ್ಲೇ ಮಾತಾಡಬಹುದು, ದುಡ್ಡು ಕೊಡಬೇಕಿಲ್ಲ.

ನಿಮ್ಮನ್ನು ನಿಜಕ್ಕೂ ತಪ್ಪಾಗಿ ತೋರಿಸಿದ್ದರೆ ಸುಮ್ನೆ ಕೂರಬೇಡಿ. ಚಾನೆಲ್‌ನ ದೂರು ಅಧಿಕಾರಿಗೆ ಬರೆಯಿರಿ. ಯಾವ ಕಾರ್ಯಕ್ರಮ, ಯಾವ ದಿನ, ಎಷ್ಟು ಹೊತ್ತಿಗೆ, ಏನು ತಪ್ಪಾಯಿತು ಎಂಬುದಷ್ಟೇ ಇರಲಿ. 2021ರ ನಿಯಮದಂತೆ ದೂರು ಬಂದಿದೆ ಎಂದು ಅವರು 24 ಗಂಟೆಯಲ್ಲಿ ತಿಳಿಸಬೇಕು, 15 ದಿನದಲ್ಲಿ ತೀರ್ಮಾನ ಹೇಳಬೇಕು. ಉತ್ತರ ಸರಿ ಅನಿಸದಿದ್ದರೆ ಅಲ್ಲಿಂದ 15 ದಿನದೊಳಗೆ ಆ ಚಾನೆಲ್ ಸೇರಿರುವ ಸ್ವಯಂ ನಿಯಂತ್ರಣ ಮಂಡಳಿಗೆ ಹೋಗಬಹುದು. ಮನರಂಜನಾ ಚಾನೆಲ್‌ಗಳಿಗೆ ಬಿಸಿಸಿಸಿ, ಸುದ್ದಿ ಚಾನೆಲ್‌ಗಳಿಗೆ ಎನ್‌ಬಿಡಿಎಸ್‌ಎ ಎಂಬ ಮಂಡಳಿಗಳಿವೆ.

ಬಹುಮಾನ ಕೈಗೆ ಬರುವಾಗ

ಟಿವಿ ಸ್ಪರ್ಧೆಯಲ್ಲಿ ಗೆದ್ದ ಹಣ 10,000 ರೂಪಾಯಿ ದಾಟಿದರೆ 30% ತೆರಿಗೆ ಮೊದಲೇ ಹಿಡಿದುಕೊಳ್ಳುತ್ತಾರೆ. 10 ಲಕ್ಷ ಗೆದ್ದರೆ ಖಾತೆಗೆ ಬರುವುದು 7 ಲಕ್ಷ. ರಿಟರ್ನ್ಸ್ ತುಂಬುವಾಗ ಆ 3 ಲಕ್ಷ ತೆರಿಗೆಯ ಮೇಲೆ 4% ಸೆಸ್ (ತೆರಿಗೆಯ ಮೇಲೆ ಹಾಕುವ ಇನ್ನೊಂದು ತೆರಿಗೆ), ಅಂದರೆ ಇನ್ನೂ 12,000 ರೂಪಾಯಿ ಕಟ್ಟಬೇಕು. ವರ್ಷದ ಆದಾಯ 50 ಲಕ್ಷ ದಾಟಿದರೆ ಸರ್‌ಚಾರ್ಜ್ ಕೂಡ ಸೇರುತ್ತದೆ. “ನಾನು ವಿದ್ಯಾರ್ಥಿ, ಬೇರೆ ಆದಾಯ ಇಲ್ಲ” ಎಂದರೂ ವಿನಾಯಿತಿ ಇಲ್ಲ. ಓಡಾಟದ ಖರ್ಚು ಕಳೆಯುವಂತೆಯೂ ಇಲ್ಲ. ಊರಲ್ಲಿ ಮಾತ್ರ ಎಲ್ಲರ ಬಾಯಲ್ಲೂ 10 ಲಕ್ಷವೇ ಇರುತ್ತದೆ, ಸಾಲ ಕೇಳುವವರೂ ಅದೇ ಲೆಕ್ಕದಲ್ಲಿ ಬರುತ್ತಾರೆ. ಕೈಗೆ ಬರುವ ಮೊತ್ತ ಇಷ್ಟು ಎಂದು ಮನೆಯವರಿಗಾದರೂ ಮೊದಲೇ ತಿಳಿಸಿಡಿ.

ಕಾರು ಗೆದ್ದರೆ ಇನ್ನೂ ತೊಡಕು. 8 ಲಕ್ಷದ ಕಾರಿಗೆ 2 ಲಕ್ಷ 40 ಸಾವಿರ ತೆರಿಗೆ ಕಟ್ಟಿದ ಮೇಲೆಯೇ ಕೀ ಕೊಡಬೇಕೆಂದು ನಿಯಮ. ಅದನ್ನು ಪ್ರಾಯೋಜಕರು ಕಟ್ಟುತ್ತಾರಾ, ನೀವೇ ಕಟ್ಟಬೇಕಾ ಎಂದು ಒಪ್ಪಂದದ ಹೊತ್ತಿನಲ್ಲೇ ಕೇಳಿಕೊಳ್ಳಿ. ಪಾನ್ ಕಾರ್ಡ್, ಬ್ಯಾಂಕ್ ಖಾತೆ ಎರಡರಲ್ಲೂ ಹೆಸರಿನ ಅಕ್ಷರ ಒಂದೇ ಥರ ಇರಲಿ. ಹಣ ಬಂದ ಮೇಲೆ ಟಿಡಿಎಸ್ ಸರ್ಟಿಫಿಕೇಟ್ (ತೆರಿಗೆ ಮೊದಲೇ ಹಿಡಿದುಕೊಂಡದ್ದಕ್ಕೆ ಕೊಡುವ ಪತ್ರ) ಕೇಳಿ ಪಡೆದು, ಹಿಡಿದುಕೊಂಡ ತೆರಿಗೆ ನಿಮ್ಮ ಪಾನ್ ಲೆಕ್ಕಕ್ಕೆ ಸೇರಿದೆಯಾ ಎಂದು ಆದಾಯ ತೆರಿಗೆ ಇಲಾಖೆಯ ವೆಬ್‌ಸೈಟಿನಲ್ಲಿ ನೋಡಿ. ಸೇರಿರದಿದ್ದರೆ ಚಾನೆಲ್‌ನ ಅಕೌಂಟ್ಸ್ ವಿಭಾಗಕ್ಕೆ ಈಮೇಲ್ ಮಾಡಿ, ಸರಿಯಾದ ಮೇಲೆ ರಿಟರ್ನ್ಸ್ ತುಂಬಿ.